ಅಜ್ಜಿಯಿಂದ ಶುರುವಾದ ವಯಸ್ಸು: ಉಮಾಶ್ರೀ ಎಂಬ ಪ್ರಕರಣ

ಒಂದು ಸಣ್ಣ ಲೆಕ್ಕ. ಉಮಾಶ್ರೀ ಹುಟ್ಟಿದ್ದು 1957ರಲ್ಲಿ, ರವಿಚಂದ್ರನ್ 1961ರಲ್ಲಿ. ನಾಲ್ಕು ವರ್ಷದ ಅಂತರ, ಅಕ್ಕ ತಮ್ಮ ಅನ್ನಬಹುದು. 1995ರಲ್ಲಿ ‘ಪುಟ್ನಂಜ’ ಬಂದಾಗ ಆ ಅಕ್ಕ ಈ ತಮ್ಮನಿಗೆ ಅಜ್ಜಿ. ನರೆತ ಕೂದಲು, ಬಾಗಿದ ಬೆನ್ನು, ಹೆಸರು ಪುಟ್ಮಲ್ಲಿ. ಮೂವತ್ತೆಂಟರ ಹೆಂಗಸು ಮೂವತ್ತನಾಲ್ಕರ ನಾಯಕನ ತಲೆ ಸವರಿ ಮೊಮ್ಮಗ ಎಂದರೆ ಚಿತ್ರಮಂದಿರದಲ್ಲಿ ಯಾರೂ ನಗಲಿಲ್ಲ. ಇಡೀ ಕರ್ನಾಟಕ ಅಜ್ಜಿ ಎಂದೇ ಒಪ್ಪಿಕೊಂಡಿತು. ಆ ಚಿತ್ರದ ಮಾತು ಬಂದರೆ ಇವತ್ತಿಗೂ ಹಾಡುಗಳ ಜೊತೆಗೆ ಜನಕ್ಕೆ ನೆನಪಾಗುವುದು ಪುಟ್ಮಲ್ಲಿಯೇ.

ಈ ಲೆಕ್ಕವನ್ನು ಮೊದಲೇ ಇಟ್ಟಿದ್ದಕ್ಕೆ ಕಾರಣವಿದೆ. ನಮ್ಮ ಚಿತ್ರರಂಗದಲ್ಲಿ ನಟಿಯ ವಯಸ್ಸು ಒಂದೇ ದಿಕ್ಕಿನಲ್ಲಿ ಓಡುತ್ತದೆ. ಇಪ್ಪತ್ತಕ್ಕೆ ನಾಯಕಿ, ಮೂವತ್ತು ದಾಟಿದ ಮೇಲೆ ಅತ್ತಿಗೆ, ಆಮೇಲೆ ನಾಯಕನ ತಾಯಿ, ಆಮೇಲೆ ಫೋನೇ ಬರುವುದಿಲ್ಲ. ನಿನ್ನೆ ಜೊತೆಗೆ ಕುಣಿದ ನಾಯಕ ಇಂದೂ ನಾಯಕನೇ, ಅವಳು ಮಾತ್ರ ಅವನ ಅಮ್ಮ. ಉಮಾಶ್ರೀಯವರ ಬದುಕು ಈ ದಾರಿಯಲ್ಲಿ ಹೋಗಲೇ ಇಲ್ಲ. ಮರ ಸುತ್ತುವ ನಾಯಕಿಯಾಗಿ ಅವರು ಶುರು ಮಾಡಲಿಲ್ಲ, ಹಾಗಾಗಿ ಕಳೆದುಕೊಳ್ಳಲು ನಾಯಕಿ ಪಟ್ಟವೂ ಇರಲಿಲ್ಲ. ಮುದುಕಿಯನ್ನು ಮೊದಲೇ ಆಡಿ ಮುಗಿಸಿದರು. ಐವತ್ತರ ಹೊತ್ತಿಗೆ ಚಿತ್ರದ ಹೆಸರೇ ತಮ್ಮ ಪಾತ್ರದ ಹೆಸರಾಗುವಂಥ ಸಿನಿಮಾ ಸಿಕ್ಕಿತು. ಅರವತ್ತನಾಲ್ಕಕ್ಕೆ ದಿನವೂ ಸಂಜೆ ಮನೆಮನೆಗೆ ಬರುವ ಧಾರಾವಾಹಿಯ ಕೇಂದ್ರವಾದರು. ಇದು ಹೇಗಾಯಿತು ಎನ್ನುವುದೇ ಈ ಪ್ರಕರಣ.

ಸಾಮಾನ್ಯವಾಗಿ ಹೇಳುವ ಕಥೆ ಹೀಗಿದೆ: ರಂಗಭೂಮಿಯಲ್ಲಿ ಅದ್ಭುತವಾಗಿದ್ದ ಕಲಾವಿದೆಯನ್ನು ಸಿನಿಮಾ ಡಬಲ್ ಮೀನಿಂಗ್ ಹಾಸ್ಯಕ್ಕೆ ಹಚ್ಚಿ ಹಾಳು ಮಾಡಿತು, ಕೊನೆಗೆ ನಿರ್ದೇಶಕ ಗಿರೀಶ್ ಕಾಸರವಳ್ಳಿ ಬಂದು ಕಾಪಾಡಿದರು. ಸಭೆಗಳಲ್ಲಿ, ಸನ್ಮಾನಗಳಲ್ಲಿ, ಲೇಖನಗಳಲ್ಲಿ ಇದನ್ನೇ ಕೇಳಿದ್ದೇನೆ. ಕೇಳಲು ಹಿತವಾಗಿದೆ. ನನ್ನ ಪ್ರಕಾರ ಅರ್ಧ ಮಾತ್ರ ನಿಜ.

ಮೊದಲು ರಂಗಭೂಮಿ. ತುಮಕೂರು ಜಿಲ್ಲೆಯ ನೊಣವಿನಕೆರೆಯಲ್ಲಿ ಹುಟ್ಟಿದ ಉಮಾಶ್ರೀಯವರನ್ನು ಹವ್ಯಾಸಿ ರಂಗಭೂಮಿ ನೆನಪಿಟ್ಟುಕೊಂಡಿರುವುದು ಸಾಕವ್ವನಿಂದ. ದೇವನೂರ ಮಹಾದೇವ ಅವರ ‘ಒಡಲಾಳ’ವನ್ನು ಸಿ.ಜಿ. ಕೃಷ್ಣಸ್ವಾಮಿ, ಅಂದರೆ ಎಲ್ಲರ ಸಿಜಿಕೆ, ರಂಗಕ್ಕೆ ತಂದರು. ಸಾಕವ್ವ ದಲಿತ ಕುಟುಂಬವೊಂದರ ಯಜಮಾನಿ. ಮಕ್ಕಳು, ಸೊಸೆಯರು, ಮೊಮ್ಮಕ್ಕಳು ತುಂಬಿದ ಬಡ ಮನೆಯ ಹಿರಿಯ ಜೀವ. ಅವಳ ಹುಂಜ ಕಳೆದುಹೋಗಿದೆ. ಕಥೆ ಓದಿದವರಿಗೆ ಗೊತ್ತು, ಆ ಹುಂಜವನ್ನು ಹುಡುಕುವುದರಲ್ಲೇ ಒಂದು ಲೋಕ ತೆರೆದುಕೊಳ್ಳುತ್ತದೆ. ಸಾಹುಕಾರನ ಮಂಡಿಯಿಂದ ಬಂದ ಕಡಲೆಕಾಯನ್ನು ಮನೆಮಂದಿಯೆಲ್ಲ ಬೆಂಕಿಯ ಸುತ್ತ ಕೂತು ತಿನ್ನುವ ಆ ರಾತ್ರಿ, ಗೋಡೆಯ ಮೇಲೆ ಬರೆದ ನವಿಲು, ಬೆಳಿಗ್ಗೆ ಬಾಗಿಲಿಗೆ ಬರುವ ಪೊಲೀಸರು.

ನಟಿಯ ಕಣ್ಣಿನಿಂದ ನೋಡಿ. ರಂಗದ ಮೇಲೆ ಹುಂಜ ಇಲ್ಲ. ಇಲ್ಲದ ಹುಂಜವನ್ನು ಹುಡುಕಬೇಕು. ಮುದುಕಿಯ ಕಣ್ಣು ಮೊದಲು ನೆಲಕ್ಕೆ, ಆಮೇಲೆ ಹಿತ್ತಿಲ ಬೇಲಿಗೆ, ಆಮೇಲೆ ಪಕ್ಕದ ಮನೆಯವಳ ಮುಖಕ್ಕೆ ಹೋಗಬೇಕು, ಏಕೆಂದರೆ ಅನುಮಾನ ಇರುವುದು ಅಲ್ಲಿ. ಬಾಯಲ್ಲಿ ಬೈಗುಳ, ಗಂಟಲಲ್ಲಿ ಅಳು, ಕೈಯಲ್ಲಿ ಹುಂಜವನ್ನು ಎತ್ತಿಕೊಂಡು ಅಭ್ಯಾಸವಾದ ಒಂದು ಹದ. ಈ ಮೂರೂ ಒಟ್ಟಿಗೆ ಬಂದರೆ ಮಾತ್ರ ಕೊನೆಯ ಸಾಲಿನ ಪ್ರೇಕ್ಷಕನಿಗೆ ಹುಂಜ ಕಾಣುತ್ತದೆ. ಜೊತೆಗೆ ಭಾಷೆ. ತುಮಕೂರು ಸೀಮೆಯವರಿಗೆ ಆ ದಕ್ಷಿಣದ ಕನ್ನಡ ಹುಟ್ಟಿನಿಂದ ಬಂದದ್ದಲ್ಲ. ಕಿವಿಯಿಂದ ಹಿಡಿಯಬೇಕು. ಮುದುಕಿಯ ವಯಸ್ಸೂ ಆಗ ಅವರದ್ದಲ್ಲ. ಅಂದರೆ ಪುಟ್ಮಲ್ಲಿಯ ಬೆನ್ನು ಬಾಗಿದ್ದು 1995ರಲ್ಲಲ್ಲ, ಅದಕ್ಕೂ ಎಷ್ಟೋ ವರ್ಷ ಮೊದಲು, ರಂಗದ ಹಲಗೆಯ ಮೇಲೆ.

ಇನ್ನು ಸಿನಿಮಾ. 1984ರ ಕಾಶಿನಾಥ್ ಅವರ ‘ಅನುಭವ’ದಿಂದ ಜನ ಅವರ ಮುಖ ಗುರುತಿಸತೊಡಗಿದರು. ಚಿತ್ರ ಗೆದ್ದಿತು. ಗೆದ್ದ ಚಿತ್ರ ಪೋಷಕ ಕಲಾವಿದೆಗೆ ಮಾಡುವ ಉಪಕಾರವೂ ಅಪಕಾರವೂ ಒಂದೇ: ಅದೇ ಥರದ ಪಾತ್ರಗಳು ಸಾಲುಗಟ್ಟಿ ಬರುತ್ತವೆ. ಬಂದವು. ಎನ್.ಎಸ್. ರಾವ್ ಅವರ ಜೋಡಿಯಾಗಿ, ಇನ್ನೂ ಹಲವು ಹಾಸ್ಯನಟರ ಎದುರಾಗಿ, ಎಂಬತ್ತು ತೊಂಬತ್ತರ ದಶಕಗಳಲ್ಲಿ ಅವರು ಮಾಡಿದ ಕಾಮಿಡಿ ಟ್ರ್ಯಾಕ್‌ಗಳನ್ನು ಎಣಿಸಿಟ್ಟವರು ಕಡಿಮೆ.

ಕಾಮಿಡಿ ಟ್ರ್ಯಾಕ್ ಎಂದರೆ ಏನೆಂದು ಈಗಿನವರಿಗೆ ಸ್ವಲ್ಪ ಬಿಡಿಸಿ ಹೇಳಬೇಕು. ಮುಖ್ಯ ಕಥೆಗೆ ಸಂಬಂಧವೇ ಇಲ್ಲದಂತೆ ಪಕ್ಕದಲ್ಲಿ ಓಡುವ ಐದಾರು ದೃಶ್ಯಗಳ ಸಣ್ಣ ಗಾಡಿ ಅದು. ಎರಡು ಮೂರು ದಿನದ ಕಾಲ್‌ಶೀಟ್‌ನಲ್ಲಿ ಎಲ್ಲ ಮುಗಿಯಬೇಕು. ಎಷ್ಟೋ ಸಲ ಮಾತು ಸೆಟ್‌ನಲ್ಲೇ ಹುಟ್ಟುತ್ತದೆ. ರಿಹರ್ಸಲ್ ಇಲ್ಲ, ಪಾತ್ರದ ಹಿನ್ನೆಲೆ ಎಂಬುದಿಲ್ಲ. ಚಿತ್ರಮಂದಿರದಲ್ಲಿ ಜನ ನಕ್ಕರೆ ಮುಂದಿನ ಚಿತ್ರ, ನಗದಿದ್ದರೆ ಇಲ್ಲ. ಇಷ್ಟೇ ಒಪ್ಪಂದ. ಹೆಣ್ಣಿನ ಮೈಯನ್ನೇ ತಮಾಷೆಯ ಸಾಮಾನು ಮಾಡಿಕೊಂಡ ಸಂಭಾಷಣೆಗಳು ಅಲ್ಲಿ ಧಾರಾಳವಾಗಿದ್ದವು. ಅವನ್ನು ಸಮರ್ಥಿಸುವ ಇರಾದೆ ನನಗಿಲ್ಲ. ಬರೆದವರು ಯಾರು, ಆಡಿದವರು ಯಾರು, ಕೆಟ್ಟ ಹೆಸರು ಬಂದದ್ದು ಯಾರಿಗೆ ಎಂದು ಮಾತ್ರ ಕೇಳಿಕೊಳ್ಳುತ್ತೇನೆ. ಬರೆದವರ ಹೆಸರು ಒಬ್ಬರದ್ದೂ ನೆನಪಿಲ್ಲ.

ಆದರೆ ಆ ಗಾಡಿಯಲ್ಲಿ ವರ್ಷಗಟ್ಟಲೆ ಓಡಾಡಿದವರಿಗೆ ಒಂದು ವಿದ್ಯೆ ಬರುತ್ತದೆ. ಮಾತು ಮುಗಿದ ಮೇಲೆ ಎಷ್ಟು ಹೊತ್ತು ಸುಮ್ಮನಿರಬೇಕು, ಎದುರಿನವನ ಮಾತಿಗೆ ಹುಬ್ಬು ಯಾವಾಗ ಏರಬೇಕು, ಸೆರಗು ಸಿಕ್ಕಿಸಿಕೊಂಡರೆ ಸಾಕಾದಲ್ಲಿ ಮಾತು ಬೇಕೇ ಬೇಡವೇ. ಟೈಮಿಂಗ್ ಎಂದು ಒಂದೇ ಪದದಲ್ಲಿ ಹೇಳಿ ಮುಗಿಸುವ ಈ ವಿದ್ಯೆ ಯಾವ ನಾಟಕ ಶಾಲೆಯಲ್ಲೂ ಇಷ್ಟು ಬೇಗ ಹತ್ತುವುದಿಲ್ಲ. ಮೇಲಾಗಿ ನಾಚಿಕೆ ಬಿಡಿಸುತ್ತದೆ. ಕ್ಯಾಮೆರಾದ ಮುಂದೆ ಚೆನ್ನಾಗಿ ಕಾಣಬೇಕೆಂಬ ಆಸೆಯೇ ನಾಯಕಿಯರ ನಟನೆಗೆ ದೊಡ್ಡ ಅಡ್ಡಗೋಡೆ. ಉಮಾಶ್ರೀಯವರಿಗೆ ಆ ಗೋಡೆ ಇರಲಿಲ್ಲ.

ಆ ಗದ್ದಲದ ನಡುವೆಯೂ ಬೇರೆ ಥರದ ಪಾತ್ರಗಳು ಬರುತ್ತಲೇ ಇದ್ದವು ಎನ್ನುವುದನ್ನು ‘ಕಾಪಾಡಿದ’ ಕಥೆ ಮರೆಮಾಚುತ್ತದೆ. 1994ರ ‘ಕೊಟ್ರೇಶಿ ಕನಸು’ ನೆನಪಿಸಿಕೊಳ್ಳಿ. ಕುಂ. ವೀರಭದ್ರಪ್ಪ ಅವರ ಕಥೆ, ನಾಗತಿಹಳ್ಳಿ ಚಂದ್ರಶೇಖರ್ ನಿರ್ದೇಶನ. ಓದಿನಲ್ಲಿ ಮುಂದೆ ಬಂದ ದಲಿತ ಹುಡುಗ ಕೊಟ್ರೇಶಿಯಾಗಿ ವಿಜಯ ರಾಘವೇಂದ್ರ ರಾಷ್ಟ್ರಪ್ರಶಸ್ತಿ ಪಡೆದ ಚಿತ್ರ. ತಂದೆಯಾಗಿ ಕರಿಬಸವಯ್ಯ, ತಾಯಿಯಾಗಿ ಉಮಾಶ್ರೀ. ಕೊಟ್ಟೂರು ಕಡೆಯ ಮಾತು. ಅದರ ಮರುವರ್ಷವೇ ಪುಟ್ಮಲ್ಲಿ. ಒಂದು ಕಡೆ ಬಯಲುಸೀಮೆಯ ಬಡ ತಾಯಿ, ಇನ್ನೊಂದು ಕಡೆ ರವಿಚಂದ್ರನ್ ಅವರ ಅದ್ದೂರಿ ಚೌಕಟ್ಟಿನೊಳಗೆ ಗಟ್ಟಿ ಗಂಟಲಿನ ಅಜ್ಜಿ. ಇವೆರಡನ್ನೂ ಒಬ್ಬರೇ ಮಾಡಿದ್ದಾರೆಂದು ಅವತ್ತು ಯಾರಾದರೂ ಜೋಡಿಸಿ ನೋಡಿದರೋ ಇಲ್ಲವೋ.

ಈಗ 2008ಕ್ಕೆ ಬರೋಣ. ‘ಗುಲಾಬಿ ಟಾಕೀಸು’.

ವೈದೇಹಿಯವರ ಕಥೆಯಲ್ಲಿದ್ದ ಟಾಕೀಸು ಕಾಸರವಳ್ಳಿಯವರ ಚಿತ್ರದಲ್ಲಿ ಟೀವಿಯಾಯಿತು. ಕುಂದಾಪುರ ಕಡೆಯ ಮೀನುಗಾರರ ಊರು, ಕಾರ್ಗಿಲ್ ಯುದ್ಧದ ಹೊತ್ತು. ಗುಲಾಬಿ ಮುಸ್ಲಿಂ ಸೂಲಗಿತ್ತಿ. ಗಂಡ ಮೂಸಾ ಅವಳನ್ನು ಬಿಟ್ಟು ಬೇರೆ ಸಂಸಾರ ಮಾಡಿಕೊಂಡಿದ್ದಾನೆ. ಅವಳಿಗಿರುವ ಒಂದೇ ಹುಚ್ಚು ಸಿನಿಮಾ. ಎಷ್ಟೆಂದರೆ ಕಷ್ಟದ ಹೆರಿಗೆಯೊಂದಕ್ಕೆ ಅವಳನ್ನು ಚಿತ್ರಮಂದಿರದಿಂದಲೇ ಎಬ್ಬಿಸಿಕೊಂಡು ಹೋಗಬೇಕಾಗುತ್ತದೆ. ಹೆರಿಗೆ ಮಾಡಿಸಿದ್ದಕ್ಕೆ ಉಡುಗೊರೆಯಾಗಿ ಬಣ್ಣದ ಟೀವಿ, ಜೊತೆಗೆ ಡಿಶ್ ಆ್ಯಂಟೆನಾ. ಅಲ್ಲಿಂದ ಅವಳ ಗುಡಿಸಲು ಊರ ಹೆಂಗಸರ ಟಾಕೀಸು. ಹೊರಗೆ ಯಾಂತ್ರಿಕ ದೋಣಿಗಳ ಜಗಳ, ಅದರ ಬೆನ್ನಿಗೆ ಧರ್ಮದ ಜಗಳ. ಎಂ.ಡಿ. ಪಲ್ಲವಿ ಮಾಡಿದ ನೇತ್ರು ಎಂಬ ಗೆಳತಿ ಕಾಣೆಯಾದ ಮೇಲೆ ಊರಿನ ಸಿಟ್ಟೆಲ್ಲ ಗುಲಾಬಿಯ ಮೇಲೆ ತಿರುಗುತ್ತದೆ, ಅವಳು ಊರು ಬಿಡಬೇಕಾಗುತ್ತದೆ.

ಈ ಪಾತ್ರವನ್ನು ಗಂಭೀರ ನಟಿಯೊಬ್ಬರ ಕೈಗೆ ಕೊಟ್ಟಿದ್ದರೆ ಏನಾಗುತ್ತಿತ್ತು? ಮೊದಲ ದೃಶ್ಯದಿಂದಲೇ ನಮಗೆ ಅವಳ ಮೇಲೆ ಕನಿಕರ ಬರುತ್ತಿತ್ತು. ಅನಾಥೆ, ಪರಿತ್ಯಕ್ತೆ, ಅಲ್ಪಸಂಖ್ಯಾತೆ ಎಂಬ ಮೂರು ಬೋರ್ಡುಗಳು ಹಣೆಗೆ ನೇತುಬೀಳುತ್ತಿದ್ದವು. ಉಮಾಶ್ರೀಯವರ ಗುಲಾಬಿ ಹಾಗಲ್ಲ. ಅವಳು ಮೊದಲು ತಮಾಷೆಯ ಹೆಂಗಸು. ಸಿನಿಮಾ ಬಿಟ್ಟು ಏಳಲಾರೆ ಎಂದು ಹಠ ಹಿಡಿಯುವವಳು, ಟೀವಿ ಬಂದರೆ ಜಂಬ ಪಡುವವಳು, ಜಗಳಕ್ಕೂ ತಯಾರು ರಾಜಿಗೂ ತಯಾರು. ನಾವು ಅವಳ ಜೊತೆ ನಗುತ್ತ ಒಳಗೆ ಹೋಗಿ ಕೂತಿರುತ್ತೇವೆ, ಅಷ್ಟರಲ್ಲಿ ಹೊರಗೆ ಕಲ್ಲು ಬೀಳುತ್ತದೆ. ಆ ನಗು ಎಲ್ಲಿಂದ ಬಂತು? ಎನ್.ಎಸ್. ರಾವ್ ಅವರ ಎದುರು ನಿಂತು ಕಲಿತ ಅದೇ ಟೈಮಿಂಗ್. ಮಾತಿನ ಕೊನೆಯಲ್ಲಿ ತುಸು ತಡೆದು, ಗಲ್ಲ ಎತ್ತಿ, ಎದುರಿನವರನ್ನು ಅಳೆಯುವ ಅದೇ ನೋಟ. ಕಾಸರವಳ್ಳಿ ಅದನ್ನು ತೊಳೆದುಹಾಕಲಿಲ್ಲ, ಬಳಸಿಕೊಂಡರು. ಅದಕ್ಕೇ ‘ಕಾಪಾಡಿದರು’ ಎಂಬ ಮಾತು ನನಗೆ ಹಿಡಿಸುವುದಿಲ್ಲ. ಇಪ್ಪತ್ತು ವರ್ಷದ ಕಾಮಿಡಿ ಟ್ರ್ಯಾಕು ಆ ಪಾತ್ರಕ್ಕೆ ಬಂಡವಾಳವಾಗಿತ್ತು.

55ನೇ ರಾಷ್ಟ್ರೀಯ ಚಲನಚಿತ್ರ ಪ್ರಶಸ್ತಿಗಳಲ್ಲಿ ಅವರು ಶ್ರೇಷ್ಠ ನಟಿ. ಕನ್ನಡ ಚಿತ್ರದ ಪಾತ್ರಕ್ಕೆ ಈ ಪ್ರಶಸ್ತಿ ಅದಕ್ಕೂ ಮೊದಲು ಬಂದದ್ದು ಎರಡೇ ಸಲ: 1973ರ ‘ಕಾಡು’ ಚಿತ್ರಕ್ಕೆ ನಂದಿನಿ ಭಕ್ತವತ್ಸಲ, 2004ರ ‘ಹಸೀನಾ’ಕ್ಕೆ ತಾರಾ. ‘ಹಸೀನಾ’ ಕೂಡ ಕಾಸರವಳ್ಳಿಯವರದೇ, ಅದೂ ಬಾನು ಮುಷ್ತಾಕ್ ಅವರ ಕಥೆಯ ಮುಸ್ಲಿಂ ಹೆಣ್ಣುಮಗಳ ಪಾತ್ರ. ಕಾಕತಾಳೀಯ ಎಂದು ಬಿಟ್ಟುಬಿಡಬಹುದು, ನಾನು ಬಿಡಲಾರೆ. ಮುಖ್ಯವಾಹಿನಿ ಚಿತ್ರಗಳು ಯಾವ ಮನೆಯ ಬಾಗಿಲು ತಟ್ಟುವುದಿಲ್ಲವೋ ಅಲ್ಲೇ ನಟಿಗೆ ಆಡಲು ಜಾಗ ಸಿಕ್ಕಿದೆ.

ಎರಡು ವರ್ಷಕ್ಕೆ ‘ಕನಸೆಂಬೋ ಕುದುರೆಯನೇರಿ’. ಅಮರೇಶ ನುಗಡೋಣಿಯವರ ಕಥೆ. ಹೆಣಕ್ಕೆ ಗುಂಡಿ ತೋಡುವ ಈರ್‍ಯಾನಾಗಿ ವೈಜನಾಥ ಬಿರಾದಾರ, ಹೆಂಡತಿ ರುದ್ರಿಯಾಗಿ ಉಮಾಶ್ರೀ. ಬಿರಾದಾರ ಅವರೂ ಸಣ್ಣಪುಟ್ಟ ಹಾಸ್ಯ ಪಾತ್ರಗಳಲ್ಲಿ ಬಂದುಹೋಗುತ್ತಿದ್ದವರು. ಭಿಕ್ಷುಕ, ಕುಡುಕ, ಕಳ್ಳ ಎಂದು ಕರೆಸಿಕೊಂಡು ಎರಡು ನಿಮಿಷಕ್ಕೆ ಕಳುಹಿಸುತ್ತಿದ್ದ ಮನುಷ್ಯ. ಇಬ್ಬರು ಹಾಸ್ಯ ಕಲಾವಿದರನ್ನು ಸ್ಮಶಾನದ ಅಂಚಿನ ಗುಡಿಸಲಲ್ಲಿ ಗಂಡ ಹೆಂಡತಿಯಾಗಿ ಕೂಡಿಸಿದ ನಿರ್ದೇಶಕನಿಗೆ ತಾನು ಏನು ಮಾಡುತ್ತಿದ್ದೇನೆಂದು ಚೆನ್ನಾಗಿ ಗೊತ್ತಿತ್ತು. ಈ ಸಲದ್ದು ಉತ್ತರ ಕರ್ನಾಟಕದ ಮಾತು. ದಕ್ಷಿಣದ ಸಾಕವ್ವ, ಕೊಟ್ಟೂರಿನ ತಾಯಿ, ಕುಂದಾಪುರದ ಗುಲಾಬಿ, ಬಡಗಣದ ರುದ್ರಿ: ಒಂದೇ ಗಂಟಲಿನಿಂದ ಕರ್ನಾಟಕದ ಅರ್ಧ ನಕ್ಷೆ ಬಿಡಿಸಬಹುದು. ನಮ್ಮಲ್ಲಿ ‘ವೈವಿಧ್ಯಮಯ ನಟಿ’ ಎಂದರೆ ಸೀರೆ, ವಿಗ್ಗು, ಮೇಕಪ್ ಬದಲಾಯಿಸಿದವರು ಎಂದೇ ತಿಳಿಯುತ್ತಾರೆ. ಕಿವಿ ಬದಲಾಯಿಸಿದವರು ಎಷ್ಟು ಮಂದಿ?

ರಾಜಕೀಯವನ್ನು ಬೇಗ ಮುಗಿಸುತ್ತೇನೆ, ಅದು ಬೇರೆಯದೇ ಪ್ರಕರಣ. 2013ರಲ್ಲಿ ಬಾಗಲಕೋಟೆ ಜಿಲ್ಲೆಯ ತೇರದಾಳ ಕ್ಷೇತ್ರದಿಂದ ಶಾಸಕಿ, ಸಿದ್ದರಾಮಯ್ಯ ಸಂಪುಟದಲ್ಲಿ ಮಹಿಳಾ ಮತ್ತು ಮಕ್ಕಳ ಅಭಿವೃದ್ಧಿ ಸಚಿವೆ, ಕನ್ನಡ ಮತ್ತು ಸಂಸ್ಕೃತಿ ಖಾತೆಯೂ ಅವರದ್ದೇ. 2018ರಲ್ಲಿ ಸೋಲು. ನಮಗೆ ಬೇಕಾದದ್ದು ಇಷ್ಟು: ಪೋಷಕ ಪಾತ್ರ ಮಾಡುವವರು ಐದು ವರ್ಷ ಕಣ್ಣಿಗೆ ಬೀಳದಿದ್ದರೆ ಚಿತ್ರರಂಗ ಅವರನ್ನು ಮರೆಯುತ್ತದೆ. ನಿರ್ಮಾಪಕರ ಫೋನಿನಲ್ಲಿ ಅವರ ನಂಬರಿನ ಜಾಗಕ್ಕೆ ಇನ್ನೊಬ್ಬರದು ಬಂದಿರುತ್ತದೆ. ನಾಯಕನಟನಿಗೆ ‘ಕಮ್‌ಬ್ಯಾಕ್’ ಎಂದು ಪೋಸ್ಟರ್ ಹಚ್ಚುತ್ತಾರೆ, ನಾಯಕನ ತಾಯಿಗೆ ಯಾರೂ ಹಚ್ಚುವುದಿಲ್ಲ.

ಆದರೂ ಅವರು ಬಂದರು. ನಡುವೆ ‘ಶರ್ಮಿಷ್ಠೆ’ ಎಂಬ ಏಕವ್ಯಕ್ತಿ ನಾಟಕ ಹಿಡಿದು ಮತ್ತೆ ರಂಗ ಹತ್ತಿದರು. ಮಂತ್ರಿಗಿರಿ ಮುಗಿಸಿದವರು ಒಬ್ಬರೇ ನಿಂತು, ಎದುರು ಪಾತ್ರದ ಆಸರೆಯಿಲ್ಲದೆ, ಇಡೀ ನಾಟಕ ಹೊರುವುದೆಂದರೆ ಗರಡಿಗೆ ವಾಪಸು ಹೋಗಿ ಮೊದಲಿನಿಂದ ಸಾಮು ಮಾಡಿದ ಹಾಗೆ. ಆಮೇಲೆ 2021. ಅಕ್ಟೋಬರ್‌ನಲ್ಲಿ ಓಟಿಟಿಯಲ್ಲಿ ‘ರತ್ನನ್ ಪ್ರಪಂಚ’, ಡಿಸೆಂಬರ್‌ನಲ್ಲಿ ಜೀ ಕನ್ನಡದಲ್ಲಿ ‘ಪುಟ್ಟಕ್ಕನ ಮಕ್ಕಳು’. ಎರಡು ತಿಂಗಳೊಳಗೆ ಎರಡು ಬೇರೆ ಬೇರೆ ಪರದೆ, ಎರಡು ಬೇರೆ ಬೇರೆ ತಾಯಂದಿರು.

‘ರತ್ನನ್ ಪ್ರಪಂಚ’ದ ಸರೋಜ ಕಿರಿಕಿರಿಯ ತಾಯಿ. ಡಾಲಿ ಧನಂಜಯ ಮಾಡಿದ ರತ್ನಾಕರನಿಗೆ ಅವಳಿಂದ ಬಿಡುಗಡೆ ಸಿಕ್ಕರೆ ಸಾಕಾಗಿದೆ. ತಾನು ಅವಳ ಹೊಟ್ಟೆಯಲ್ಲಿ ಹುಟ್ಟಿದವನಲ್ಲ ಎಂದು ಗೊತ್ತಾದಾಗ ಹೆತ್ತವರನ್ನು ಹುಡುಕಿಕೊಂಡು ಹೊರಡುತ್ತಾನೆ. ಇಲ್ಲಿಯೂ ಅದೇ ಉಪಾಯ ಕೆಲಸ ಮಾಡುತ್ತದೆ: ಮೊದಲು ನಗಿಸಿ, ರೇಗಿಸಿ, ಆಮೇಲೆ ಕರುಳಿಗೆ ಕೈ ಹಾಕುವುದು. ಮೊದಲರ್ಧದಲ್ಲಿ ಸರೋಜಳ ಗೊಣಗಾಟ ನಮಗೂ ಸಾಕುಸಾಕೆನಿಸದಿದ್ದರೆ ಕೊನೆಗೆ ಅವಳು ನೆನಪಾಗುವುದೇ ಇಲ್ಲ. ಪ್ರೇಕ್ಷಕರಿಗೆ ಬೇಸರ ಬರಿಸುವಷ್ಟು ಧೈರ್ಯ ಎಷ್ಟು ನಟಿಯರಿಗಿದೆ? ಈ ಪಾತ್ರಕ್ಕೆ ಫಿಲ್ಮ್‌ಫೇರ್ ಪೋಷಕ ನಟಿ ಪ್ರಶಸ್ತಿ ಬಂತು.

ಪುಟ್ಟಕ್ಕನದು ಬೇರೆ ಕಸರತ್ತು. ಹೆಣ್ಣುಮಕ್ಕಳನ್ನೇ ಹೆತ್ತಳೆಂದು ಗಂಡ ಬಿಟ್ಟುಹೋದ ಹೆಂಗಸು ಮೆಸ್ ನಡೆಸಿ ಮೂವರು ಮಕ್ಕಳನ್ನು ಸಾಕುತ್ತಾಳೆ. ಕಥೆಯಲ್ಲಿ ಹೊಸದೇನಿಲ್ಲ, ಧಾರಾವಾಹಿಗೆ ಹೊಸದು ಬೇಕಾಗಿಯೂ ಇಲ್ಲ. ಅಲ್ಲಿ ಬೇಕಾದದ್ದು ದಮ್ಮು. ವಾರಕ್ಕೆ ಐದು ಎಪಿಸೋಡು, ಒಂದೊಂದೂ ಇಪ್ಪತ್ತು ಚಿಲ್ಲರೆ ನಿಮಿಷ. ಸಿನಿಮಾದಲ್ಲಿ ಹಲವು ದಿನ ಹಿಡಿಯುವಷ್ಟು ದೃಶ್ಯಗಳನ್ನು ಇಲ್ಲಿ ಒಂದೇ ದಿನದಲ್ಲಿ ತೆಗೆಯಬೇಕು. ಸಂಭಾಷಣೆಯ ಹಾಳೆ ಬೆಳಿಗ್ಗೆ ಕೈಗೆ ಬಂದರೆ ಪುಣ್ಯ. ಗುರುವಾರ ಟಿಆರ್‌ಪಿ ಬರುತ್ತದೆ, ಅದನ್ನು ನೋಡಿ ಕಥೆ ತಿರುಗುತ್ತದೆ. ನಿನ್ನೆ ಸತ್ತವರು ನಾಳೆ ಬದುಕಿ ಬರಬಹುದು. ಇಂಥ ಕಡೆ ಪಾತ್ರದ ಆಳ ಎಂದೆಲ್ಲ ಮಾತಾಡುತ್ತ ಕೂತರೆ ಊಟದ ಬ್ರೇಕ್ ಆಗಿಬಿಡುತ್ತದೆ. ಎರಡು ದಿನದ ಕಾಲ್‌ಶೀಟ್‌ನಲ್ಲಿ ಇಡೀ ಟ್ರ್ಯಾಕ್ ಮುಗಿಸಿ ಪಳಗಿದವರಿಗೆ ಈ ಓಟ ಹೊಸದಲ್ಲ.

ಇನ್ನೊಂದು ಸಂಗತಿ ನನಗೆ ಹೊಳೆದದ್ದು ನಮ್ಮ ಅತ್ತೆಯ ಅಡುಗೆಮನೆಯಲ್ಲಿ. ಅತ್ತೆ ಪುಟ್ಟಕ್ಕನನ್ನು ‘ನೋಡುವುದು’ ಎಂದರೆ ಹಾಲ್‌ನಲ್ಲಿ ಟೀವಿ ಜೋರಾಗಿ ಹಾಕಿ, ಒಳಗೆ ಹುರುಳಿಕಾಯಿ ಹೆಚ್ಚುತ್ತ ಕೇಳುವುದು. ಕುಕ್ಕರ್ ಕೂಗಿದಾಗ ಒಂದು ಮಾತು ತಪ್ಪುತ್ತದೆ, ಪರವಾಗಿಲ್ಲ. ಪುಟ್ಟಕ್ಕನ ದನಿ ಸ್ವಲ್ಪ ಬದಲಾಯಿತೋ, ಚಾಕು ಹಿಡಿದುಕೊಂಡೇ ಬಾಗಿಲಿಗೆ ಬಂದು ನಿಲ್ಲುತ್ತಾರೆ. “ಏನಾಯ್ತೇ? ಯಾಕೆ ಹಂಗಂದ್ಳು?” ನೋಡಿ, ಧಾರಾವಾಹಿ ಅರ್ಧಕ್ಕರ್ಧ ಕಿವಿಯ ಮಾಧ್ಯಮ. ಎಷ್ಟೋ ಮನೆಗಳಲ್ಲಿ ಅದು ರೇಡಿಯೋ ನಾಟಕವೇ. ಕ್ಯಾಮೆರಾ ಮುಖದ ಮೇಲೆ ಮೂರು ಸಲ ಬಡಿದು ಸಿಡಿಲು ಗುಡುಗು ಹಾಕಿದರೂ ಅಡುಗೆಮನೆಗೆ ಅದು ತಲುಪುವುದಿಲ್ಲ, ದನಿ ತಲುಪುತ್ತದೆ. ಮೈಕಿಲ್ಲದೆ ಕೊನೆಯ ಸಾಲಿಗೆ ಸಾಕವ್ವನನ್ನು ಮುಟ್ಟಿಸಿದ ಗಂಟಲಿಗೆ ಒಂದು ಹಾಲ್ ದಾಟುವುದು ಯಾವ ಲೆಕ್ಕ? ಅತ್ತೆಗೆ ‘ಗುಲಾಬಿ ಟಾಕೀಸು’ ಗೊತ್ತಿಲ್ಲ. ಹಳೆಯ ಕಾಮಿಡಿ ಗೊತ್ತು, ಆದರೆ ಅದನ್ನೂ ಪುಟ್ಟಕ್ಕನನ್ನೂ ಮಾಡಿದವರು ಒಬ್ಬರೇ ಎಂದು ನೆನಪಿಸಿದರೆ “ಅದೆಲ್ಲ ಹೊಟ್ಟೆಪಾಡು ಬಿಡು” ಎಂದು ಮುಗಿಸಿಬಿಟ್ಟರು. ವಿಮರ್ಶಕರು ಪುಟಗಟ್ಟಲೆ ಬರೆದು ಬಗೆಹರಿಸಲಾಗದ್ದನ್ನು ಅವರು ಹುರುಳಿಕಾಯಿಯ ನಾರಿನ ಜೊತೆ ಎಳೆದು ಬಿಸಾಡಿದ್ದರು.

ಅತ್ತೆಯ ಮಾತನ್ನು ಪೂರ್ತಿ ಒಪ್ಪುವುದು ನನಗೆ ಕಷ್ಟ. ಹೊಟ್ಟೆಪಾಡು ಹೌದು, ಆದರೆ ಬರೀ ಹೊಟ್ಟೆಪಾಡಾಗಿದ್ದರೆ ಅಷ್ಟು ಶ್ರದ್ಧೆ ಬೇಕಿರಲಿಲ್ಲ. ಇನ್ನೊಂದು ಆಕ್ಷೇಪವೂ ಇದೆ, ಅದಕ್ಕೆ ನನ್ನ ಬಳಿ ಗಟ್ಟಿ ಉತ್ತರವಿಲ್ಲ. ಕಾಮಿಡಿ ಟ್ರ್ಯಾಕೇ ಬಂಡವಾಳವಾಯಿತು ಎನ್ನುವುದು ಗೆದ್ದವರ ವಿಷಯದಲ್ಲಿ ಹಿಂತಿರುಗಿ ನೋಡಿ ಹೇಳುವ ಮಾತಲ್ಲವೇ? ಅದೇ ಗಾಡಿಯಲ್ಲಿ ಅಷ್ಟೇ ವರ್ಷ ಓಡಾಡಿ, ಅಷ್ಟೇ ಚೆನ್ನಾಗಿ ಟೈಮಿಂಗ್ ಕಲಿತು, ಯಾವ ಕಾಸರವಳ್ಳಿಯೂ ಸಿಗದೆ ಮನೆಗೆ ಹೋದ ಹೆಂಗಸರು ಎಷ್ಟು ಜನ? ಅವರ ಹೆಸರು ಟೈಟಲ್ ಕಾರ್ಡಿನಲ್ಲೂ ಸರಿಯಾಗಿ ಇರುತ್ತಿರಲಿಲ್ಲ. ಉಮಾಶ್ರೀಯವರಿಗೂ ‘ಗುಲಾಬಿ’ಗಾಗಿ ‘ಅನುಭವ’ದಿಂದ ಇಪ್ಪತ್ತನಾಲ್ಕು ವರ್ಷ ಕಾಯಬೇಕಾಯಿತು. ಕಾಯುವ ದಮ್ಮು ಅವರಲ್ಲಿತ್ತು, ಎಲ್ಲರಲ್ಲೂ ಇರಬೇಕೆಂದು ಯಾರು ಹೇಳಿದರು?

2025ರ ಜನವರಿಯಲ್ಲಿ ಅವರು ಹೊನ್ನಾವರದಲ್ಲಿ ಯಕ್ಷಗಾನದ ರಂಗಸ್ಥಳ ಹತ್ತಿದರು. ಪಾತ್ರ ಮಂಥರೆ. ಯಕ್ಷಗಾನದಲ್ಲಿ ಸಂಭಾಷಣೆಯ ಹಾಳೆ ಇರುವುದಿಲ್ಲ. ಭಾಗವತರ ಪದ್ಯ ಮುಗಿದೊಡನೆ ಅರ್ಥ ಬಾಯಿಂದ ಬರಬೇಕು, ಚೆಂಡೆಯ ಪೆಟ್ಟಿಗೆ ಹೆಜ್ಜೆ ಕೂಡಬೇಕು, ಎದುರಿರುವ ಕೈಕೇಯಿ ಏನು ಹೇಳುತ್ತಾಳೆಂದು ಮೊದಲೇ ಪೂರ್ತಿ ತಿಳಿದಿರುವುದಿಲ್ಲ. ಅರವತ್ತೇಳರ ವಯಸ್ಸಿನಲ್ಲಿ, ಬಾಲ್ಯದಿಂದ ಹೆಜ್ಜೆ ಕಲಿತವರ ನಡುವೆ, ಹೊಸಬರಾಗಿ ನಿಲ್ಲುವುದು. ಗೂನು ಬೆನ್ನು ಮಾತ್ರ ಹೊಸದಲ್ಲ. ಸಾಕವ್ವನಿಗೆ, ಪುಟ್ಮಲ್ಲಿಗೆ ಬಾಗಿಸಿದ್ದ ಅದೇ ಬೆನ್ನನ್ನು ಬಗ್ಗಿಸಿಕೊಂಡು ಅವರು ಕೈಕೇಯಿಯ ಅಂತಃಪುರಕ್ಕೆ ನಡೆದರು.